ಹುಲಿಯ ಕಿವಿ ಓದುವವರು

ತಲೆಗೆ ರುಮಾಲು, ಬರಿಮೈ, ಕೈಯಲ್ಲೊಂದು ಚಾಟಿ. ಸುತ್ತ ಚಿರತೆ, ಕರಿಚಿರತೆಗಳು. ಹಳೆಯ ಚಿತ್ರಗಳಲ್ಲಿ ಹೀಗೆ ನಿಂತಿರುವ ದಾಮು ಧೋತ್ರೆ ಪುಣೆಯವರು. 1902ರಲ್ಲಿ ಹುಟ್ಟಿ, ಮಾವನ ಸರ್ಕಸ್ಸಿನಲ್ಲಿ ಬೆಳೆದು, ಮುಂದೆ ಕಾಡುಮೃಗ ಪಳಗಿಸುವುದರಲ್ಲಿ ಹೆಸರಾದ ಫ್ರಾನ್ಸಿನ ಆಲ್‌ಫ್ರೆಡ್ ಕೂರ್ ಅವರ ತಂಡ ಸೇರಿ, 1940ರಲ್ಲಿ ಅಮೆರಿಕದ ರಿಂಗ್ಲಿಂಗ್ ಬ್ರದರ್ಸ್ ಸರ್ಕಸ್ಸಿನ ಡೇರೆಯೊಳಗೆ ಕಾಲಿಟ್ಟವರು. ಆ ದೇಶದ ಜನ ಟಿಕೆಟ್ ಕೊಂಡು ಅವರನ್ನು ನೋಡಿದರು. ನಮ್ಮಲ್ಲಿ ಎಷ್ಟು ಜನಕ್ಕೆ ಅವರ ಹೆಸರು ಗೊತ್ತೋ!

ಗ್ಯಾಲರಿಯಲ್ಲಿ ಕೂತವರಿಗೆ ಕೇಳುವುದು ಚಾಟಿಯ ಚಟೀರ್ ಸದ್ದು, ಕಾಣುವುದು ಧೈರ್ಯ. ಬೋನಿನೊಳಗೆ ನಡೆಯುವುದು ಅಡಿಗಳ ಲೆಕ್ಕ. ಮನುಷ್ಯ ಒಂದು ಗೆರೆ ದಾಟಿ ಬಂದರೆ ಸಿಂಹ ಹಿಂದೆ ಸರಿಯುತ್ತದೆ. ಬೆನ್ನಿಗೆ ಸರಳು ತಾಗಿ ದಾರಿ ಮುಗಿದರೆ ತಿರುಗಿ ಮೈಮೇಲೆ ಬರುತ್ತದೆ. ನಡುವೆ ಒಂದು ಸ್ಟೂಲು ಇಟ್ಟಿದ್ದರೆ ಅದನ್ನು ಹತ್ತಿಯೇ ಬರಬೇಕು. ಅದು ಸ್ಟೂಲು ಹತ್ತಿದ ಗಳಿಗೆಗೆ ರಿಂಗ್ ಮಾಸ್ಟರ್ ಒಂದು ಹೆಜ್ಜೆ ಹಿಂದಿಟ್ಟರೆ ಸಾಕು, ಸಿಂಹ ಅಲ್ಲೇ ನಿಲ್ಲುತ್ತದೆ. ಜನ ಚಪ್ಪಾಳೆ ತಟ್ಟುತ್ತಾರೆ. ಸ್ವಿಟ್ಜರ್ಲೆಂಡಿನ ಪ್ರಾಣಿಶಾಸ್ತ್ರಜ್ಞ ಹೈನಿ ಹೆಡಿಗರ್ ಈ ಅಡಿಗಳ ಲೆಕ್ಕವನ್ನು ಶಾಸ್ತ್ರವಾಗಿ ಬರೆದರು. ರಿಂಗ್ ಮಾಸ್ಟರುಗಳಿಗೆ ಇದು ಕಾಲಿಗೆ ಬಂದ ವಿದ್ಯೆ. ಕಿವಿ ಹಿಂದಕ್ಕೆ ಮಡಚಿತೇ, ಬಾಲದ ತುದಿ ಪಟಪಟ ಬಡಿಯಿತೇ ಎಂಬುದರ ಮೇಲೆ ಕಣ್ಣು. ಓದುವುದರಲ್ಲಿ ತಪ್ಪಿದವರ ಮೈಮೇಲೆ ಹೊಲಿಗೆಯ ಗುರುತು.

ಇಷ್ಟು ಹೇಳಿ ಇನ್ನೊಂದು ಮುಖ ಮುಚ್ಚಿಡಬಾರದು. ಆಟ ಹತ್ತು ನಿಮಿಷ. ಮಿಕ್ಕ ದಿನವೆಲ್ಲ ಮೈ ತಿರುಗಿಸಲೂ ಜಾಗವಿಲ್ಲದ ಬೋನು, ಊರಿಂದೂರಿಗೆ ಲಾರಿ ಪಯಣ. ಎಲ್ಲ ಮಾಸ್ಟರುಗಳೂ ತಾಳ್ಮೆಯಿಂದ ಕಲಿಸಿದರು ಎನ್ನುವುದೂ ಸುಳ್ಳು. 1998ರ ಅಕ್ಟೋಬರಿನಲ್ಲಿ ಕೇಂದ್ರ ಸರ್ಕಾರ ಕರಡಿ, ಕೋತಿ, ಹುಲಿ, ಚಿರತೆ, ಸಿಂಹಗಳನ್ನು ಆಟಕ್ಕೆ ಬಳಸುವುದನ್ನು ನಿಷೇಧಿಸಿತು. ನಮ್ಮ ಹೊಟ್ಟೆಪಾಡು ಹೋಯಿತು ಎಂದು ಸರ್ಕಸ್ಸಿನವರು ನ್ಯಾಯಾಲಯದ ಮೆಟ್ಟಿಲೇರಿದರು. ಕೇರಳ ಹೈಕೋರ್ಟ್ ಒಪ್ಪಲಿಲ್ಲ. 2001ರಲ್ಲಿ ಸುಪ್ರೀಂ ಕೋರ್ಟೂ ಒಪ್ಪಲಿಲ್ಲ. ಒಪ್ಪದಿದ್ದದ್ದೇ ಸರಿ.

ಡೇರೆಯಿಂದ ಬಿಡಿಸಿ ತಂದ ಸಿಂಹ, ಹುಲಿಗಳಿಗೆ ನಮ್ಮ ಬನ್ನೇರುಘಟ್ಟದಲ್ಲಿ ಪುನರ್ವಸತಿ ಕೇಂದ್ರ ಸಿಕ್ಕಿತು. ಚಾಟಿ ಕೆಳಗಿಟ್ಟ ಮಾಸ್ಟರಿಗೆ ಎಲ್ಲಿಯ ಕೇಂದ್ರ? ಬೇರೆ ಕಸುಬು ಕಲಿತವರಲ್ಲ, ಶಾಲೆಯ ಮುಖ ಸರಿಯಾಗಿ ಕಂಡವರೂ ಕಡಿಮೆ.

ಧೋತ್ರೆಯವರ ಅನುಭವ 1961ರಲ್ಲಿ ಇಂಗ್ಲಿಷಿನಲ್ಲಿ ಪುಸ್ತಕವಾಯಿತು. 1973ರಲ್ಲಿ ಅವರು ತೀರಿಕೊಂಡರು. ಅವರಿಗಾದರೂ ಪುಸ್ತಕವಿದೆ.

ಆದರೂ ಮಾಸ್ಟರುಗಳ ಆ ವಿದ್ಯೆಗೆ ಇನ್ನೂ ಕೆಲಸವಿದೆ. ಇಂದು ದೊಡ್ಡ ಮೃಗಾಲಯಗಳಲ್ಲಿ ಹುಲಿಗೆ ಮತ್ತಿನ ಮದ್ದು ಕೊಡದೆಯೇ ಬಾಲದಿಂದ ರಕ್ತ ತೆಗೆಯುತ್ತಾರೆ. ಸರಳಿನ ಬಳಿ ಮೈ ಚಾಚಿ ಮಲಗಲು ಅದಕ್ಕೆ ಮೊದಲೇ ಕಲಿಸಿರುತ್ತಾರೆ. ಕಲಿಸುವ ಬಗೆ ಹಳೆಯದೇ: ಒಂದು ತುಂಡು ಮಾಂಸ, ಬೆಟ್ಟದಷ್ಟು ತಾಳ್ಮೆ. ಹೊಡೆತ ಮಾತ್ರ ಇಲ್ಲ. ಈ ವಿದ್ಯೆ ಗೊತ್ತಿರುವ ಹಳಬರು ಇನ್ನೂ ಅಲ್ಲಲ್ಲಿ ಉಳಿದಿದ್ದರೆ, ಮೃಗಾಲಯದವರು ಅವರ ಮನೆ ಹುಡುಕಿಕೊಂಡು ಹೋಗಲಿ. ಅವರು ಹೇಳಿದ್ದನ್ನು ಕೂತು ಬರೆದುಕೊಳ್ಳಲಿ.