ಸಂತೆ ರಸೀದಿ ಅಂದ್ರೆ ಲೈಸೆನ್ಸ್ ಅಲ್ಲ ಕಣ್ರೋ (ಭಾಗ 4)

ಫೋಟೋದಲ್ಲಿರೋ ಚೀಟಿ ನೋಡಿ. ಸಂತೆ ಸುಂಕದ ರಸೀದಿ. ಸೊಪ್ಪಿನ ಅಜ್ಜಿಯಿಂದ ಹಿಡಿದು ಗೋಬಿ ಗಾಡಿ ಅಣ್ಣನವರೆಗೆ ಸುಮಾರು ಜನರ ಹತ್ರ ಇಂಥದ್ದೊಂದು ಇರುತ್ತೆ. ದುಡ್ಡು ಕಟ್ಟಿದೀವಿ, ಇನ್ನು ಯಾರೂ ಎಬ್ಬಿಸಲ್ಲ ಅಂತ ಅವರು ನಂಬಿಕೊಂಡಿರ್ತಾರೆ. ಆದರೆ ಚೀಟಿ ಹೇಳೋದು ಇಷ್ಟೇ: ಇವತ್ತಿನ ದುಡ್ಡು ಬಂತು. ನಾಳೆಯ ಮಾತು ಅದರಲ್ಲಿ ಇಲ್ಲ.

ದಿಲ್ಲಿಯ ಸೋದಾನ್ ಸಿಂಗ್ ಅನ್ನೋರ ಕೇಸೂ ಇಂಥದ್ದೇ. ಜನಪಥ್ ಲೇನಲ್ಲಿ ಒಂದು ಕರೆಂಟ್ ಕಂಬದ ಪಕ್ಕ ರೆಡಿಮೇಡ್ ಬಟ್ಟೆ ಮಾರ್ತಿದ್ರು, ಪಾಲಿಕೆಗೆ ನೆಲದ ಸುಂಕ ಕಟ್ತಿದ್ರು. ಜಾಗದ ತಕರಾರು ಸುಪ್ರೀಂ ಕೋರ್ಟ್‌ವರೆಗೆ ಹೋಯ್ತು. 1989ರಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಹೇಳಿದ್ದು: ಬೀದಿ ವ್ಯಾಪಾರವೂ ಸಂವಿಧಾನದ 19(1)(ಜಿ) ವಿಧಿಯ ಕೆಳಗೆ ಬರುವ ಹಕ್ಕು, ರಸ್ತೆ ಇರೋದು ಓಡಾಡೋಕೆ ಮಾತ್ರ ಅಂತ ಹೇಳಿ ಅದನ್ನು ಪೂರ್ತಿ ತಳ್ಳಿಹಾಕುವಂತಿಲ್ಲ. ಆದರೆ ಇದೇ ಕಂಬದ ಬುಡವೇ ನನಗೆ ಶಾಶ್ವತವಾಗಿ ಬೇಕು ಅನ್ನೋ ಹಕ್ಕು ಯಾರಿಗೂ ಇಲ್ಲ. ನನಗೆ ಈ ಎರಡೂ ಮಾತು ಸರಿ ಅನ್ಸುತ್ತೆ.

2010ರಲ್ಲಿ ಗೈಂಡಾ ರಾಮ್ ಕೇಸಲ್ಲಿ ಕೋರ್ಟ್, 2011ರ ಜೂನ್ 30ರೊಳಗೆ ಕಾನೂನು ಮಾಡಿ ಅಂತು. ಕಾನೂನು ಬಂದಿದ್ದು 2014ಕ್ಕೆ. (ನಾವು ಅಸೈನ್‌ಮೆಂಟ್ ಹೀಗೆ ಕೊಟ್ಟಿದ್ರೆ ಇಂಟರ್ನಲ್ಸ್‌ನಲ್ಲಿ ಸೊನ್ನೆ.) ಬಂದ ಕಾನೂನು ಮಾತ್ರ ಗಟ್ಟಿ ಇದೆ. ಸರ್ವೆ ಮುಗಿದು ಪ್ರಮಾಣಪತ್ರ ಕೊಡೋವರೆಗೂ ಯಾರನ್ನೂ ಎಬ್ಬಿಸುವ ಹಾಗಿಲ್ಲ. ಎಬ್ಬಿಸಬೇಕಾದ್ರೆ 30 ದಿನ ಮೊದಲೇ ನೋಟಿಸ್ ಕೊಡಬೇಕು. ಸಾಮಾನು ಎತ್ತಿಕೊಂಡು ಹೋದ್ರೆ ಪಟ್ಟಿ ಬರೆದು ಕೊಡಬೇಕು. ಹಣ್ಣು, ತರಕಾರಿಯಂಥ ಕೆಡುವ ಮಾಲನ್ನು, ವ್ಯಾಪಾರಿ ಬಂದು ಕೇಳಿದ ದಿನವೇ ವಾಪಸ್ ಕೊಡಬೇಕು. ಪಟ್ಟಣ ವ್ಯಾಪಾರ ಸಮಿತಿಯಲ್ಲಿ ಶೇ. 40ಕ್ಕೆ ಕಡಿಮೆ ಇಲ್ಲದಷ್ಟು ಜನ ವ್ಯಾಪಾರಿಗಳೇ ಆರಿಸಿದ ವ್ಯಾಪಾರಿಗಳು, ಅವರಲ್ಲಿ ಮೂರನೇ ಒಂದು ಭಾಗ ಹೆಂಗಸರು. ಅಂದ್ರೆ ಯಾರು ಎಲ್ಲಿ ಕೂರಬೇಕು ಅನ್ನೋದನ್ನ ಆಫೀಸಿನವರೇ ಕೂತು ತೀರ್ಮಾನ ಮಾಡೋಹಾಗಿಲ್ಲ. 50 ವರ್ಷ ದಾಟಿದ ಮಾರುಕಟ್ಟೆಯನ್ನ ಪಾರಂಪರಿಕ ಅಂತ ಘೋಷಿಸಬೇಕು ಅಂತಲೂ ಅದರಲ್ಲೇ ಇದೆ. ನಮ್ಮ ಕಡೆ ಸಂತೆಗಳಿಗೆ 50 ವರ್ಷ ಯಾವ ಲೆಕ್ಕ ಹೇಳಿ!

ಆದರೆ ಇಲ್ಲೇ ಇರೋದು ನನ್ನ ತಕರಾರು. ಈ ಕಾನೂನು ತನ್ನ ಮೊದಲ ಸಾಲಿನಲ್ಲೇ ನಗರದ ಬೀದಿ ವ್ಯಾಪಾರಿಗಳು ಅಂತ ಹೇಳಿಬಿಡುತ್ತೆ. ಶಿಕಾರಿಪುರ, ಶಿರಾಳಕೊಪ್ಪ, ಸೊರಬ ಪೇಟೆಯಲ್ಲಿ ಗಾಡಿ ನಿಲ್ಲಿಸಿದ್ರೆ ನೀವು ಅದರೊಳಗೆ. ಅದೇ ಗಾಡಿ ಕ್ಯಾಸನೂರಿನಂಥ ಗ್ರಾಮ ಪಂಚಾಯ್ತಿ ಊರಿಗೆ ಬಂದ್ರೆ ಸಮಿತಿ ಇಲ್ಲ, ಸರ್ವೆ ಇಲ್ಲ, 30 ದಿನವೂ ಇಲ್ಲ. ಸುಂಕ ಎತ್ತೋದನ್ನ ಮಾತ್ರ ಸುಮಾರು ಪಂಚಾಯ್ತಿಗಳು ತಪ್ಪದೆ ವರ್ಷಾವರ್ಷ ಹರಾಜು ಹಾಕ್ತವೆ. ವಸೂಲಿಗೆ ವ್ಯವಸ್ಥೆ ಇದ್ದ ಮೇಲೆ ರಕ್ಷಣೆಗೂ ಇರಬೇಕಲ್ವಾ?

ಹೈಕೋರ್ಟ್ ಇದೆಯಲ್ಲ ಅಂತೀರಿ. ಇದೆ. 1989ರ ತೀರ್ಪು ಹಳ್ಳಿಗೂ ಅನ್ವಯಿಸುತ್ತೆ ಅಂತ ವಾದ ಮಾಡಬಹುದು. ಆದ್ರೆ ನಮ್ಮ ಜಿಲ್ಲೆಯ ಕೇಸು ನಡೆಯೋದು ಬೆಂಗಳೂರಲ್ಲಿ. ರಾತ್ರಿ ಬಸ್ಸು, ವಕೀಲರ ಫೀಸು, ಎರಡು ದಿನದ ವ್ಯಾಪಾರ ಹಾಳು. ಕೊತ್ತಂಬರಿ ಕಟ್ಟು ಮಾರೋ ಅಜ್ಜಿ ರಿಟ್ ಹಾಕ್ತಾರಾ ಮಾರಾಯ್ರೆ?

ಬಸ್ ಸ್ಟ್ಯಾಂಡ್ ಹತ್ರ ನಡೆಯೋಕೆ ಜಾಗ ಇಲ್ಲ ಅನ್ನೋದೂ ನಿಜ, ನಾವೇ ದಿನಾ ಬೈಕೊಂಡು ಓಡಾಡ್ತೀವಿ. ಅದಕ್ಕೇ ಲೈಸೆನ್ಸ್ ಬೇಕು ಅಂತಿರೋದು. ಹೆಸರು, ಜಾಗದ ಅಳತೆ, ಹೊತ್ತು, ಅವಧಿ ಬರೆದಿರೋ ಒಂದು ಹಾಳೆ. ಇದಕ್ಕೆ ದಿಲ್ಲಿ ತಿದ್ದುಪಡಿಗೆ ಕಾಯಬೇಕಿಲ್ಲ. ಗ್ರಾಮ ಸಭೆಯಲ್ಲಿ ಕೇಳಿ ಪಂಚಾಯ್ತಿಯಿಂದ ನಿರ್ಣಯ ಮಾಡಿಸಬಹುದು. ನಮ್ಮಲ್ಲಿ 18 ದಾಟಿ ವೋಟರ್ ಲಿಸ್ಟಲ್ಲಿ ಇರೋರೆಲ್ಲ ಆ ಸಭೆಯ ಸದಸ್ಯರೇ. ಮುಂದಿನ ಸಭೆಯ ನೋಟಿಸ್ ಅಂಟಿಸಿದ ದಿನ ಸ್ಟೋರಿ ಹಾಕ್ತೀನಿ, ಬರೋರು ಈಗಲೇ ಹೇಳಿ.

#ಸಂತೆ #ಸೊರಬ #ಶಿಕಾರಿಪುರ #ಬೀದಿವ್ಯಾಪಾರ