ಕಂತಿನ ಋಣ

ಕಳೆದ ತಿಂಗಳು ಒಂದು ಸಂಜೆ ನಮ್ಮ ಹಳೆಯ ಶಿಷ್ಯನೊಬ್ಬನು ಬಂದು, ಬಹಳ ಹೊತ್ತು ಮಾತಿಲ್ಲದೆ ಜಗಲಿಯ ಮೇಲೆ ಕುಳಿತಿದ್ದನು. ಕೊನೆಗೆ ಒಂದು ಕಾಗದವನ್ನು ತೆಗೆದು ನಮ್ಮ ಕೈಗಿತ್ತನು. ಬ್ಯಾಂಕೊಂದರ ಸಾಲಕ್ಕಾಗಿ ನ್ಯಾಯಾಲಯವು ಅವನ ಮೇಲೆ ಮಾಡಿದ್ದ ಡಿಕ್ರಿಯ ನಕಲದು. ಸಮನ್ಸು ಬಂದಾಗ, ಹೆಂಡತಿ ಗಾಬರಿಗೊಂಡಾಳೆಂದು ಅದನ್ನು ಪೆಟ್ಟಿಗೆಯ ತಳದಲ್ಲಿಟ್ಟು, ವಿಚಾರಣೆಗೂ ಹೋಗದೆ ಉಳಿದಿದ್ದನಂತೆ. “ಒಮ್ಮೆಗೇ ಎಲ್ಲಿಂದ ತರಲಿ, ಮೇಷ್ಟ್ರೇ? ತಿಂಗಳು ತಿಂಗಳು ಕೊಡಲು ಸಿದ್ಧನಿದ್ದೇನೆ” ಎಂದನು.

ಈ ಮಾತನ್ನು ಅವನು ನ್ಯಾಯಾಧೀಶರ ಮುಂದೆ ಹೇಳಬೇಕಾಗಿದ್ದಿತು. ಹಣದ ಡಿಕ್ರಿಯನ್ನು ಮಾಡುವಾಗ, ತಕ್ಕ ಕಾರಣವು ಕಂಡುಬಂದಲ್ಲಿ, ಕರಾರಿನಲ್ಲಿ ಏನೇ ಇದ್ದರೂ, ಬಡ್ಡಿಯೊಡನೆಯೋ ಬಡ್ಡಿಯಿಲ್ಲದೆಯೋ ಕಂತುಗಳಲ್ಲಿ ತೀರಿಸುವಂತೆ ಅಪ್ಪಣೆ ಕೊಡಲು 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 20ನೆಯ ಆದೇಶದ 11ನೆಯ ನಿಯಮವು ನ್ಯಾಯಾಲಯಕ್ಕೆ ಅಧಿಕಾರವನ್ನಿತ್ತಿದೆ. ಡಿಕ್ರಿಯಾದ ಮೇಲಾದರೋ ಬಾಗಿಲು ಕಿರಿದು. ಆಗ ಸಾಲ ಕೊಟ್ಟವರ ಒಪ್ಪಿಗೆಯಿಲ್ಲದೆ ಕಂತು ದೊರೆಯದು. ಅರ್ಜಿಯನ್ನೂ 1963ರ ಕಾಲಮಿತಿ ಕಾಯಿದೆಯಂತೆ 30 ದಿನಗಳೊಳಗೆ ಸಲ್ಲಿಸತಕ್ಕದ್ದು. ಅಡವಿನ ಸಾಲಗಳಿಗೆ ಬೇರೆ ಕ್ರಮಗಳುಂಟು. ಅಂತಹವರು ವಕೀಲರನ್ನು ಬೇಗನೆ ಕಾಣುವುದು ಲೇಸು.

ಈ ದಾಕ್ಷಿಣ್ಯವು ಹೊಸದಲ್ಲ. ನಮ್ಮ ಕಲ್ಯಾಣದಲ್ಲಿ ವಿಜ್ಞಾನೇಶ್ವರನು ಮಿತಾಕ್ಷರೆಯೆಂಬ ವ್ಯಾಖ್ಯಾನವನ್ನು ರಚಿಸಿದ ಯಾಜ್ಞವಲ್ಕ್ಯಸ್ಮೃತಿಯಲ್ಲಿ, ಬಡವನಾದ ಬ್ರಾಹ್ಮಣನಿಂದ ಆದಾಯವೊದಗಿದಂತೆ ಮೆಲ್ಲಮೆಲ್ಲನೆ ಋಣವನ್ನು ಕೊಡಿಸಬೇಕೆಂದಿದೆ. ಆದರೆ ಕೆಳವರ್ಣದ ಬಡವನಿಂದ ದುಡಿಮೆ ಮಾಡಿಸಿಕೊಳ್ಳಬೇಕೆಂದೂ ಅಲ್ಲಿಯೇ ಇದೆ. ಇಂದಿನ ನಿಯಮವು ಸಾಲಿಗನ ಕುಲವನ್ನು ಕೇಳುವುದಿಲ್ಲ. ಸ್ಮೃತಿಗಳನ್ನು ಓದಿ ಬೆಳೆದ ನಾವೂ ಈ ವಿಷಯದಲ್ಲಿ ಹೊಸ ಸಂಹಿತೆಯೇ ಮೇಲೆಂದು ಒಪ್ಪುತ್ತೇವೆ.

ಬಡತನವು ಅಪರಾಧವಲ್ಲ. ಕೊಡುವ ಶಕ್ತಿಯಿಲ್ಲದವನನ್ನು ಕೇವಲ ಬಾಕಿಗಾಗಿ ಸೆರೆಗೆ ಹಾಕಲಾಗದೆಂದು 1980ರಲ್ಲಿ ಬ್ಯಾಂಕ್ ಆಫ್ ಕೊಚ್ಚಿನ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಆದರೆ ಶಕ್ತಿಯಿದ್ದೂ ವಂಚಿಸುವವನಿಗೆ ಆ ರಕ್ಷಣೆಯಿಲ್ಲ. ಕಂತೆಂಬುದು ಋಣದ ಮನ್ನಾ ಅಲ್ಲ, ತೀರಿಸಲು ದೊರೆತ ಅವಕಾಶ ಮಾತ್ರ. ಬ್ಯಾಂಕಿನಲ್ಲಿರುವುದೂ ನಮ್ಮಂತಹ ಗೃಹಸ್ಥರು ಕೂಡಿಟ್ಟ ಹಣವೇ ಅಲ್ಲವೆ? ಆದುದರಿಂದ ಆದಾಯವೆಷ್ಟು, ಮನೆಖರ್ಚೆಷ್ಟು ಎಂಬುದನ್ನು ಮರೆಮಾಚದೆ ಹೇಳಿ, ಸಲ್ಲಿಸಬಲ್ಲಷ್ಟನ್ನೇ ಒಪ್ಪಿಕೊಳ್ಳಬೇಕು. ಕಂತು ತಪ್ಪಿದರೆ ಉಳಿದುದೆಲ್ಲವೂ ಒಮ್ಮೆಗೇ ಸಲ್ಲಬೇಕೆಂಬ ಷರತ್ತು ಸಾಮಾನ್ಯವಾಗಿ ಇದ್ದೇ ಇರುತ್ತದೆ.

ನಮ್ಮ ಶಿಷ್ಯನ ಅದೃಷ್ಟಕ್ಕೆ ಡಿಕ್ರಿಯಾಗಿ ಇನ್ನೂ 12 ದಿನಗಳಾಗಿದ್ದವು. ಮರುದಿನವೇ ಅವನು ಬ್ಯಾಂಕಿಗೆ ಹೋಗಿ ತನ್ನ ಲೆಕ್ಕವನ್ನು ಬಿಚ್ಚಿಟ್ಟನು. ಅವರು ಒಪ್ಪಿದರು, ಅವಧಿಯೊಳಗೆ ಅರ್ಜಿಯೂ ಸೇರಿತು. ಕೊಟ್ಟಾಗಲೆಲ್ಲ ಪತ್ರದ ಹಿಂಬದಿಯಲ್ಲಿ ಬರೆಯಬೇಕು, ಇಲ್ಲವೆ ಧನಿಕನು ರಸೀದಿ ಕೊಡಬೇಕೆಂಬುದು ಅದೇ ಸ್ಮೃತಿಯ ವಿಧಿ. ಅದನ್ನು ಅವನಿಗೆ ಹೇಳಿ ಕಳುಹಿಸಿದೆವು. ಮೊದಲ ಕಂತಿನ ರಸೀದಿಯನ್ನು ಈಗ ಅವನ ಹೆಂಡತಿಯೇ ಜೋಪಾನವಾಗಿಟ್ಟಿದ್ದಾಳೆ. “ಮೊದಲೇ ಹೇಳಿದ್ದರೆ ನಾನೇನು ಓಡಿಹೋಗುತ್ತಿದ್ದೆನೆ?” ಎಂದು ಕೇಳಿದಳಂತೆ.

ವಾಚಕರ ಮನೆಗೆ ಎಂದಾದರೂ ಅಂತಹ ಕಾಗದ ಬಂದರೆ, ಅದು ಪೆಟ್ಟಿಗೆಯ ತಳವನ್ನು ಸೇರದಿರಲಿ. ಮನೆಯವರೆಲ್ಲರ ಮುಂದೆ ದೀಪದ ಬೆಳಕಿನಲ್ಲಿ ಓದಲ್ಪಡಲಿ.