ಸಾಲಿನಲ್ಲಿಯ ಸ್ಥಾನ

ಕಳೆದ ಆದಿತ್ಯವಾರ ಸಂಜೆ, ಬೆಟಗೇರಿಯ ನಮ್ಮ ಓಣಿಯಲ್ಲಿ ಮಗ್ಗಗಳ ಸದ್ದು ಆಗಷ್ಟೇ ನಿಂತಿತ್ತು. ಎದುರುಮನೆಯ ಅಕ್ಕನವರು ಕಾಗದಗಳ ಕಟ್ಟೊಂದನ್ನು ಹಿಡಿದು ನಮ್ಮ ಪಡಸಾಲೆಗೆ ಬಂದರು. ಸರ್ಕಾರಿ ದವಾಖಾನೆಗಳಲ್ಲಿ ಶುಶ್ರೂಷಕಿಯಾಗಿ ಇಪ್ಪತ್ತು ವರ್ಷಗಳನ್ನು ಸವೆಸಿದವರು ಅವರು.

“ಸರ್ರ, ನೀವು ಕನ್ನಡದಾಗ ಎಂ.ಎ. ಮಾಡೀರಿ. ಇದೂ ಕನ್ನಡನ, ಆದ್ರ ನನಗ ತಿಳೀವಲ್ದು. ಒಂದೀಟು ಓದಿ ಹೇಳ್ರಿ” ಎಂದರು.

ಅದು ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ. ಅಕ್ಕನವರಿಗಿಂತ ಎಷ್ಟೋ ವರ್ಷ ತಡವಾಗಿ ಸೇವೆಗೆ ಸೇರಿದವರ ಹೆಸರುಗಳು ಮೇಲಿದ್ದವು. ಅವರ ಹೆಸರು ಅಡಿಯಲ್ಲಿತ್ತು. ಕೊನೆಯ ಅಂಕಣದಲ್ಲಿ ‘ಸ್ವಂತ ಕೋರಿಕೆ ವರ್ಗಾವಣೆ’ ಎಂಬ ಮೂರೇ ಪದಗಳು. ಅದರ ಪಕ್ಕದಲ್ಲಿ, ಸೇವೆಯನ್ನು ವರ್ಗಾವಣೆಯ ದಿನದಿಂದಲೇ ಎಣಿಸಿ, ಮುಂಬಡ್ತಿಗೆ ಬೇಕಾದ ವರ್ಷಗಳು ತುಂಬಿಲ್ಲವೆಂದು ಷರಾ ಬರೆದಿತ್ತು.

“ವರ್ಗಾವಣೆಯನ್ನು ನೀವೇ ಕೇಳಿದಿರಾ?” ಎಂದೆ.

“ಅತ್ತಿಯವರಿಗೆ ಲಕ್ವಾ ಹೊಡೆದು ಹಾಸಿಗಿ ಹಿಡಿದಿದ್ರು. ದವಾಖಾನ್ಯಾಗ ನೂರು ಮಂದೀನ್ನ ನೋಡೂವಾಕಿ, ಮನ್ಯಾಗಿನ ಒಬ್ಬಾಕಿನ್ನ ಬಿಡ್ಲಿ ಹ್ಯಾಂಗ್ರಿ?”

ಈ ಸಾಲಿನ ವ್ಯಾಜ್ಯ ನಮ್ಮ ಸೀಮೆಗೆ ಹೊಸದಲ್ಲ. ಒಂದು ಕಾಲಕ್ಕೆ ಗದಗ, ಮುಂಡರಗಿಗಳು ಮುಂಬಯಿ ಪ್ರಾಂತದ ಧಾರವಾಡ ಜಿಲ್ಲೆಯಲ್ಲಿದ್ದವು. ಶಿರಹಟ್ಟಿ ಸಾಂಗಲಿ ಸಂಸ್ಥಾನದಲ್ಲಿ, ಲಕ್ಷ್ಮೇಶ್ವರ ಮಿರಜ ಸಂಸ್ಥಾನದಲ್ಲಿ ಇದ್ದವು. ಸಂಸ್ಥಾನಗಳು 1948ರಲ್ಲಿ ಮುಂಬಯಿಯಲ್ಲಿ ವಿಲೀನಗೊಂಡವು. 1956ರ ನವೆಂಬರ್ 1ರಂದು ಈ ನಾಲ್ಕೂ ಊರುಗಳು ಮೈಸೂರು ರಾಜ್ಯಕ್ಕೆ ಸೇರಿದವು. ಸರ್ಕಾರಿ ನೌಕರರು ಮನೆಯ ಹೊಸ್ತಿಲು ದಾಟಲಿಲ್ಲ. ಅವರ ಸರ್ಕಾರವೇ ಬದಲಾಯಿತು. ಮುಂಬಯಿ, ಹೈದರಾಬಾದು, ಮದರಾಸು, ಕೊಡಗು, ಹಳೆಯ ಮೈಸೂರುಗಳಿಂದ ಬಂದವರೆಲ್ಲ ಒಂದೇ ಸಾಲಿನಲ್ಲಿ ನಿಲ್ಲಬೇಕಾಯಿತು. ಇವರ ಸೇವಾ ಷರತ್ತುಗಳನ್ನು ಕೇಂದ್ರ ಸರ್ಕಾರದ ಪೂರ್ವಾನುಮತಿಯಿಲ್ಲದೆ ಇವರಿಗೆ ಹಾನಿಯಾಗುವಂತೆ ಬದಲಿಸಕೂಡದೆಂದು ರಾಜ್ಯ ಪುನರ್ವಿಂಗಡಣಾ ಕಾಯಿದೆಯ 115ನೆಯ ಕಲಮು ಅಭಯವಿತ್ತಿತು.

ಆ ಅಭಯಕ್ಕೂ ಒಂದು ಎಲ್ಲೆಯಿತ್ತು. ಅದು ತಿಳಿದದ್ದು ಆರೋಗ್ಯ ಸೇವೆಯವರ ಮೊಕದ್ದಮೆಯೊಂದರಿಂದಲೇ. ನೈರ್ಮಲ್ಯ ನಿರೀಕ್ಷಕರ ಜಿಲ್ಲಾವಾರು ಜ್ಯೇಷ್ಠತೆಯನ್ನು ಸರ್ಕಾರವು ರಾಜ್ಯವಾರು ಮಾಡಿದಾಗ ಕೆಲವರು ಬಹಳ ಕೆಳಗಿಳಿದರು. ನ್ಯಾಯಾಲಯದ ಮೆಟ್ಟಿಲು ಹತ್ತಿದರು. ‘ಮೈಸೂರು ರಾಜ್ಯ ವಿರುದ್ಧ ಜಿ.ಬಿ. ಪುರೋಹಿತ’ ಎಂಬ ಆ ಪ್ರಕರಣದಲ್ಲಿ, ಮುಂಬಡ್ತಿಯ ಅವಕಾಶವು ಸೇವಾ ಷರತ್ತಲ್ಲವೆಂದು ಸುಪ್ರೀಂ ಕೋರ್ಟು 1967ರಲ್ಲಿ ತೀರ್ಮಾನಿಸಿತು. ಸಾಲಿನಲ್ಲಿ ಇಂಥದೇ ಸ್ಥಾನ ಇರಬೇಕೆಂಬುದು ಹಕ್ಕಲ್ಲ ಎಂದಾಯಿತು.

ಹಾಗಾದರೆ ನೌಕರನಿಗೆ ಉಳಿದದ್ದೇನು? ಮರುವರ್ಷವೇ ಅದಕ್ಕೆ ಉತ್ತರ ದೊರೆಯಿತು. ಮೈಸೂರು ರಾಜ್ಯದ ಅಂಕಿಸಂಖ್ಯೆ ಇಲಾಖೆಯಲ್ಲಿ ಹಿರಿಯರನ್ನು ಪರಿಶೀಲಿಸದೆಯೇ ಕಿರಿಯರಿಗೆ ಬಡ್ತಿ ಕೊಟ್ಟಿದ್ದರು. ಸೈಯದ್ ಮಹಮೂದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 1968ರಲ್ಲಿ ಹೇಳಿದ್ದು ಇಷ್ಟು: ಜ್ಯೇಷ್ಠತೆ ಮತ್ತು ಅರ್ಹತೆಗಳೆರಡನ್ನೂ ನೋಡಿ ಕೊಡುವ ಬಡ್ತಿಯನ್ನು ಕೇವಲ ಹಿರಿತನದ ಬಲದಿಂದ ಹಕ್ಕೆಂದು ಕೇಳಲಾಗದು, ಆದರೆ ಸರದಿ ಬಂದಾಗ ತನ್ನನ್ನು ಪರಿಶೀಲಿಸಬೇಕೆಂದು ಕೇಳುವುದು ಹಕ್ಕೇ ಸರಿ.

ಇನ್ನು ಅಕ್ಕನವರ ಪಟ್ಟಿ. ಒಂದು ಜ್ಯೇಷ್ಠತಾ ಘಟಕದಿಂದ ಮತ್ತೊಂದಕ್ಕೆ ಸ್ವಂತ ಕೋರಿಕೆಯಿಂದ ಹೋದವರು ಅಲ್ಲಿ ಎಲ್ಲರಿಗಿಂತ ಕಿರಿಯರಾಗುತ್ತಾರೆ. ನಮ್ಮ 1957ರ ಜ್ಯೇಷ್ಠತಾ ನಿಯಮಗಳ ಕ್ರಮವೂ ಇದೇ. ಅಲ್ಲಿ ಮೊದಲಿನಿಂದ ಕಾದವರಿಗೆ ಅನ್ಯಾಯವಾಗಬಾರದಲ್ಲ! ಆದುದರಿಂದ ಪಟ್ಟಿಯಲ್ಲಿ ಅವರ ಸ್ಥಾನವು ತಪ್ಪೆನ್ನಲು ಬಾರದು. ತಪ್ಪಿದ್ದದ್ದು ಷರಾದಲ್ಲಿ. ವಿ.ಎಂ. ಜೋಸೆಫ್ ಪ್ರಕರಣದಲ್ಲಿ 1998ರಲ್ಲಿ ಸುಪ್ರೀಂ ಕೋರ್ಟು ಇವೆರಡನ್ನೂ ಬೇರೆ ಮಾಡಿ ತೋರಿಸಿದೆ. ಕೋರಿಕೆಯ ವರ್ಗಾವಣೆಯಿಂದ ಹಿರಿತನ ಹೋಗುತ್ತದೆ, ದುಡಿದ ವರ್ಷಗಳು ಹೋಗುವುದಿಲ್ಲ. ಬಡ್ತಿಗೆ ಇಷ್ಟು ವರ್ಷಗಳ ಸೇವೆ ಬೇಕೆಂದು ನಿಯಮವಿದ್ದಾಗ, ಅದರ ಮಾತು ಬೇರೆ ತೆರನಾಗಿರದಿದ್ದರೆ, ಹಿಂದಿನ ಊರಿನ ಸೇವೆಯನ್ನೂ ಲೆಕ್ಕಕ್ಕೆ ಹಿಡಿಯಬೇಕು. ಸ್ಥಾನ ಬೇರೆ, ಸೇವೆ ಬೇರೆ.

ಸರ್ಕಾರಿ ನೌಕರಿಯವರಿರುವ ಮನೆಗಳಲ್ಲಿ ಒಂದು ಮಾತನ್ನು ನೆನಪಿಡಬೇಕು. ತಾತ್ಕಾಲಿಕ ಪಟ್ಟಿ ಬಂದಾಗಲೇ, ಕೊಟ್ಟ ಅವಧಿಯೊಳಗೆ ಆಕ್ಷೇಪಣೆ ಸಲ್ಲಿಸಿ ಸ್ವೀಕೃತಿ ಪಡೆಯಬೇಕು. ಅಂತಿಮ ಆದೇಶದಿಂದಲೂ ನ್ಯಾಯ ದೊರೆಯದಿದ್ದರೆ, ಒಂದು ವರ್ಷದೊಳಗೆ 1986ರಲ್ಲಿ ಸ್ಥಾಪಿತವಾದ ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋಗಬಹುದು. ಮನವಿಗೆ ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಆ ಆರು ತಿಂಗಳ ಮುಂದೆ ಒಂದು ವರ್ಷದ ಗಡುವು. ಮಂಡಳಿಯ ತೀರ್ಪನ್ನು ಹೈಕೋರ್ಟಿನಲ್ಲಿ ಪ್ರಶ್ನಿಸಲು 1997ರ ಎಲ್. ಚಂದ್ರಕುಮಾರ್ ತೀರ್ಪು ದಾರಿ ತೆರೆದಿದೆ. 2008ರಿಂದ ಧಾರವಾಡದಲ್ಲೇ ಹೈಕೋರ್ಟಿನ ಪೀಠವಿರುವುದರಿಂದ ನಮ್ಮ ಭಾಗದವರಿಗೆ ಬೆಂಗಳೂರಿನ ಪ್ರಯಾಣ ತಪ್ಪಿದೆ.

ಆದರೂ ಒಂದು ಪ್ರಶ್ನೆ ಮನಸ್ಸನ್ನು ಬಿಡದು. ‘ಸ್ವಂತ ಕೋರಿಕೆ’ ಎಂಬುದು ಎಷ್ಟರಮಟ್ಟಿಗೆ ಸ್ವಂತದ್ದು? ಮನೆಯ ರೋಗಿಗಾಗಿ, ಹಸುಗೂಸಿಗಾಗಿ, ಗಂಡನ ಊರಿಗಾಗಿ ಅರ್ಜಿ ಬರೆಯುವ ಹೆಣ್ಣುಮಗಳು ತನಗಾಗಿ ಕೇಳುವುದು ಅದರಲ್ಲಿ ಏನಿದೆ? ನಿಯಮ ರಚಿಸುವವರು ಯೋಚಿಸಬೇಕಾದ ಮಾತಿದು.

ಆ ರಾತ್ರಿಯೇ ಆಕ್ಷೇಪಣೆಯ ಕರಡನ್ನು ಸಿದ್ಧಪಡಿಸಿದೆ. ನನ್ನ ಪಾಂಡಿತ್ಯವೆಲ್ಲ ಅದರಲ್ಲಿ ಇಳಿದಿತ್ತೆಂದು ಕಾಣುತ್ತದೆ. ಕೊನೆಗೆ ‘ಕರುಣೆಯಿಟ್ಟು ಪರಿಗಣಿಸಬೇಕಾಗಿ ಪ್ರಾರ್ಥನೆ’ ಎಂದೂ ಬರೆದಿದ್ದೆ. ಅಕ್ಕನವರು ಸಾವಕಾಶವಾಗಿ ಓದಿ ಅಲ್ಲಿ ಬೆರಳಿಟ್ಟರು.

“ಕರುಣಾ ಅಂತ ಬ್ಯಾಡ್ರಿ ಸರ್ರ. ದುಡದ ವರ್ಷ ಎಣಸ್ರಿ ಅಂತ ಬರೀರಿ, ಸಾಕು.”

ಸಾಲನ್ನು ಹೊಡೆದುಹಾಕಿ ಹಾಗೆಯೇ ತಿದ್ದಿದೆ. ಅವರು ಸಹಿ ಮಾಡಿ, ಗಡಿಯಾರ ನೋಡಿಕೊಂಡು, ರಾತ್ರಿಪಾಳಿಗೆ ಹೊರಟರು.